ಮುತ್ತ್ಯಾನ ಮಗ್ಗಕ್ಕೊಂದು ಟ್ರಂಕ್ ಕಾಲ್

ನನ್ನನ್ನು ಕತ್ತೆ ಎಂದು ಕರೆದವರು ಗದಗ-ಬೆಟಗೇರಿಯಲ್ಲಿ ಬೇಕಾದಷ್ಟು ಜನ ಇದ್ದಾರೆ. ಶಾಲೆಯ ಮಾಸ್ತರರು ಕರೆದಿದ್ದಾರೆ, ಬಸ್ಸಿನ ಕಂಡಕ್ಟರ್ ಕರೆದಿದ್ದಾನೆ, ಹೆತ್ತ ತಾಯಿ ವಾರಕ್ಕೆರಡು ಸಲವಾದರೂ ಕರೆದಿದ್ದಾಳೆ. ಅದರಲ್ಲೇನೂ ವಿಶೇಷವಿಲ್ಲ. ಆದರೆ ನಾನು ಹುಟ್ಟುವ ಮೊದಲೇ ನನ್ನನ್ನು ಕತ್ತೆ ಎಂದು ಕರೆದ ಕೀರ್ತಿ ಜಗತ್ತಿನಲ್ಲಿ ಒಬ್ಬರಿಗೇ ಸಲ್ಲಬೇಕು. ಅವರು ನಮ್ಮ ಕಾಕಾ!

ಇದು ಹೇಗೆ ಸಾಧ್ಯ ಎಂದು ನೀವು ಹುಬ್ಬೇರಿಸಬಹುದು. ನಾನೂ ಏರಿಸಿದ್ದೆ. ಅದೇನು ಸಾಮಾನ್ಯ ಹುಬ್ಬೇ? ಶಿರಹಟ್ಟಿಯ ಹೈಸ್ಕೂಲಿನಲ್ಲಿ ವಿಜ್ಞಾನ ಕಲಿಸುವ, ಬಿ.ಎಸ್ಸಿ. ಎರಡನೆಯ ದರ್ಜೆಯಲ್ಲಿ ಪಾಸಾದ ಹುಬ್ಬು! ಒಂದು ಅಮಾವಾಸ್ಯೆಯ ದಿನ ನಾನು ರಜೆಗೆಂದು ಬೆಟಗೇರಿಗೆ ಬಂದವನು ಚಪ್ಪಲಿ ಮೆಟ್ಟಿಕೊಂಡೇ ಮಗ್ಗದ ಕೋಣೆಗೆ ನುಗ್ಗಿದೆ. ಕಾಕಾ ನನಗೆ ಒಂದು ಮಾತೂ ಅನ್ನಲಿಲ್ಲ. ಗೋಡೆಯ ಹತ್ತಿರ ಕಟ್ಟಿದ್ದ ಒಂದು ತಗಡಿನ ಡಬ್ಬಿಗೆ ಬಾಯಿಟ್ಟು, ನಾನು ಹುಟ್ಟುವುದಕ್ಕೆ ನಾಲ್ಕು ವರ್ಷ ಮೊದಲೇ ತೀರಿಕೊಂಡ ನಮ್ಮ ಮುತ್ತ್ಯಾ, ಅಂದರೆ ಅಜ್ಜನ ಜೊತೆ ಮಾತಾಡತೊಡಗಿದರು.

“ಅಪ್ಪಾ, ನಾನು. ಆರಾಮ ಅದೀಯಲ್ಲ? ಮುಂದ ನಿನಗೊಬ್ಬ ಮೊಮ್ಮಗ ಹುಟ್ಟಾವ ಅದಾನ. ಶಾಲಿ ಕಲೀತಾನ, ಮಾಸ್ತರ ಆಗತಾನ, ಎಲ್ಲಾ ಆಗತಾನ. ಆದ್ರ ಕತ್ತಿ ಅದಾನ. ಮೊದಲ ಹೇಳಿರತೀನಿ, ಆಮ್ಯಾಲೆ ಬ್ಯಾಸರಾ ಮಾಡಕೋಬ್ಯಾಡ.”

ಹೇಳಿದವರೇ ಕೋಣೆಯ ಆ ತುದಿಗೆ ಓಡಿಹೋಗಿ, ಮಗ್ಗದ ಕುಣಿಯೊಳಗೆ ಇಳಿದು, ಕಿವಿಗೆ ಎರಡು ನಳಿಗೆ ಸಿಕ್ಕಿಸಿಕೊಂಡು ಸುಮ್ಮನೆ ಕೂತರು. ಸ್ವಲ್ಪ ಹೊತ್ತಿಗೆ ಮುಖ ಅರಳಿತು.

“ಏನಂದ್ರು?” ಎಂದು ಕೇಳಿದೆ. ಕೇಳಬಾರದಿತ್ತು.

“ಇರಲಿ ಬಿಡು, ಒಂದೊಂದು ಮನ್ಯಾಗ ಒಂದೊಂದು ಇರತಾವು ಅಂದ,” ಅಂದರು ಕಾಕಾ.

ಈಗ ಆ ಯಂತ್ರದ ವಿಷಯ ಹೇಳದಿದ್ದರೆ ನಿಮಗೆ ನನ್ನ ಬಗ್ಗೆಯೇ ಅನುಮಾನ ಬಂದೀತು. ನಮ್ಮದು ನೇಕಾರರ ಮನೆತನ. ಬೆಟಗೇರಿಯ ಓಣಿಯಲ್ಲಿ ಉದ್ದನೆಯ ಕತ್ತಲೆ ಕೋಣೆ, ಅದರಲ್ಲಿ ಎರಡು ಕುಣಿಮಗ್ಗ. ಒಂದು ಮುತ್ತ್ಯಾ ಹೂಡಿದ್ದು; ಅದರ ಮೇಲೆ ನಮ್ಮ ಅಪ್ಪ ಸೀರೆ ನೇಯುತ್ತಿದ್ದರು. ಇನ್ನೊಂದರ ಮೇಲೆ ಅಪ್ಪನ ತಮ್ಮ, ಅಂದರೆ ನಮ್ಮ ಕಾಕಾ. ಅಪ್ಪ ತೀರಿಕೊಂಡ ಮೇಲೆ ಕಾಕಾ ತಮ್ಮ ಮಗ್ಗವನ್ನು ಬಿಚ್ಚಿಸಿ ಅಪ್ಪನ ಮಗ್ಗದ ಮೇಲೆ ಬಂದು ಕೂತರು. ಯಾಕೆ ಎಂದು ಆಗ ಯಾರಿಗೂ ಗೊತ್ತಾಗಲಿಲ್ಲ.

ನೇಕಾರರಲ್ಲಿ ಒಂದು ಪದ್ಧತಿ ಇದೆ. ಮಗ್ಗದಲ್ಲಿ ಉದ್ದಕ್ಕೆ ಬಿಗಿದು ಕಟ್ಟಿದ ನೂಲಿಗೆ ಹಾಸು ಎನ್ನುತ್ತಾರೆ. ಆ ಹಾಸು ಮುಗಿಯುತ್ತ ಬಂದಾಗ ಅದನ್ನು ಪೂರ್ತಿ ನೇಯ್ದು ಮಗ್ಗವನ್ನು ಬರಿದು ಮಾಡುವುದಿಲ್ಲ. ಗೇಣುದ್ದ ಉಳಿಸಿಕೊಂಡು, ಉಳಿದ ಒಂದೊಂದು ಎಳೆಗೂ ಹೊಸ ಹಾಸಿನ ಒಂದೊಂದು ಎಳೆಯನ್ನು, ಬೆರಳಿಗೆ ಬೂದಿ ಹಚ್ಚಿಕೊಂಡು, ಹೊಸೆದು ಕೂಡಿಸುತ್ತಾರೆ. ಸಾವಿರಗಟ್ಟಲೆ ಎಳೆ! ಇಬ್ಬರು ಎದುರುಬದುರು ಕೂತು ಮಾಡುವ ಕೆಲಸ. ಊರೆಲ್ಲ ನೇಕಾರರು ತಲೆತಲಾಂತರದಿಂದ ಇದನ್ನು ಮಾಡಿಕೊಂಡೇ ಬಂದಿದ್ದಾರೆ. ಒಬ್ಬರಾದರೂ ಅದರಲ್ಲಿ ತಂತಿ ಆಫೀಸು ಕಂಡಿರಲಿಲ್ಲ. ನಮ್ಮ ಕಾಕಾ ಕಂಡರು.

“ಈಗ ನೋಡು,” ಎಂದು ಅವರು ನನಗೆ ಪಾಠ ಮಾಡಿದರು. “ಈ ಹಾಸು ಹೋದ ಹಾಸಿಗೆ ಕೂಡೇತಿ. ಹೋದದ್ದು ಅದರ ಹಿಂದಿಂದಕ್ಕ ಕೂಡಿತ್ತು. ಹಂಗ ಹಿಡಕೊಂಡು ಹೋದ್ರ ಎಲ್ಲಿ ಮುಟ್ಟತೀ? ನಿಮ್ಮ ಮುತ್ತ್ಯಾ ಮಗ್ಗ ಹೂಡಿದ ದಿನಕ್ಕ ಮುಟ್ಟತೀ! ನಡುವ ಎಲ್ಲೂ ಖಂಡ ಆಗಿಲ್ಲ. ಎಳಿ ಹರೀಲಾರದ ಇದ್ರ ಮಾತು ಹೋಗಬೇಕೋ ಬ್ಯಾಡೋ?”

ನಾನು ಬಿ.ಎಸ್ಸಿ.ಯ ನಗೆ ನಕ್ಕೆ. “ಅಲ್ಲರೀ ಕಾಕಾ, ನೇಯ್ದ ಸೀರಿ ಕೊಯ್ದು ಮಾರತೀರಲ್ಲ? ಅಲ್ಲೇ ಲೈನ್ ಕಟ್ ಆತಲ್ಲ?”

“ಕಟ್ ಯಾಕ ಆಕ್ಕತಿ? ಆ ಸೀರಿ ಎಲ್ಲಿ ಹೋದುವು? ಲಕ್ಷ್ಮೇಶ್ವರಕ್ಕ ಹೋದುವು, ನಿನ್ನ ಶಿರಹಟ್ಟಿಗೆ ಹೋದುವು, ಮುಂಡರಗಿಗೆ ಹೋದುವು. ಉಟಗೊಂಡಾರಲ್ಲ ಮಂದಿ? ಅವು ನಮ್ಮ ಬ್ರ್ಯಾಂಚ್ ಆಫೀಸು!”

ಇದಕ್ಕೆ ಏನು ಉತ್ತರ ಕೊಡುತ್ತೀರಿ? ಆಮೇಲೆ ಎಷ್ಟೋ ದಿನ ಮುಂಡರಗಿ ಬಸ್ಸಿನಲ್ಲಿ ಬೆಟಗೇರಿ ಸೀರೆಯುಟ್ಟ ಅಜ್ಜಿಯರ ಪಕ್ಕ ಕೂತಾಗ, ನಾನು ಆಡಿದ್ದೆಲ್ಲ ಕಾಕಾನಿಗೆ ಮುಟ್ಟಿಬಿಡುತ್ತದೇನೋ ಎಂದು ಬಾಯಿ ಮುಚ್ಚಿಕೊಂಡು ಪ್ರಯಾಣ ಮಾಡಿದ್ದೇನೆ. ಬಿ.ಎಸ್ಸಿ. ಎಲ್ಲಿ ಹೋಗಿತ್ತೋ!

ಯಂತ್ರ ಹೀಗಿತ್ತು. ಹಾಸಿನ ದೂರದ ತುದಿಯಲ್ಲಿ, ಹಿತ್ತಿಲ ಬಾಗಿಲಿನ ಹತ್ತಿರ, ಚಹಾಪುಡಿಯ ತಗಡಿನ ಡಬ್ಬಿ. ಅದರ ಬುಡಕ್ಕೆ ತೂತು ಕೊರೆದು ಅಂಚಿನ ನಾಲ್ಕಾರು ಎಳೆಗಳನ್ನು ಬಿಗಿದಿದ್ದರು. ಅದು ಬಾಯಿ. ಈ ತುದಿಯಲ್ಲಿ, ನೇಕಾರ ಕಾಲು ಇಳಿಬಿಟ್ಟು ಕೂಡುವ ಕುಣಿಯ ಹತ್ತಿರ, ಯಾವುದೋ ಡಾಕ್ಟರು ಬಿಸಾಕಿದ್ದ ಎದೆಬಡಿತ ಕೇಳುವ ನಳಿಗೆ. ಅದನ್ನು ಗದಗಿನ ಗುಜರಿ ಅಂಗಡಿಯಲ್ಲಿ ಹುಡುಕಿ ತಂದಿದ್ದರು. ಅದು ಕಿವಿ. ಬಾಯಿಗೂ ಕಿವಿಗೂ ನಡುವೆ ನಾಲ್ಕು ಮಾರು ದೂರ. ಅಲ್ಲಿ ಮಾತಾಡಿ, ಉತ್ತರ ಬರುವುದರೊಳಗೆ ಇಲ್ಲಿಗೆ ಓಡಿ ಬಂದು ಕುಣಿಗೆ ಇಳಿಯಬೇಕು. ಐವತ್ತೈದು ದಾಟಿದ ಕಾಕಾ ಧೋತರ ಎತ್ತಿಕೊಂಡು ಓಡುವುದನ್ನು ನೋಡಲು ಓಣಿಯ ಜನ ಕಿಟಕಿಗೆ ಮುಗಿಬೀಳುತ್ತಿದ್ದರು.

ಕಾಕಾನ ಹೆಂಡತಿ, ನಮ್ಮ ಕಾಕು, ಮಾತ್ರ ಅಡುಗೆಮನೆಯ ಬಾಗಿಲಲ್ಲಿ ನಿಂತು ಒಂದೇ ಮಾತು ಅನ್ನುತ್ತಿದ್ದಳು: “ಒಂದ ದಿನ ಆ ಕುಣ್ಯಾಗ ಬಿದ್ದು ನೀವ ಆ ಕಡೆ ಹೋಗತೀರಿ ನೋಡ್ರಿ. ಆಮ್ಯಾಲೆ ಡಬ್ಬಿ ಬೇಕಾಗೂದಿಲ್ಲ, ಖುದ್ದು ಮಾತಾಡ್ರಿ!”

ಅಮಾವಾಸ್ಯೆಗೆ ಮಗ್ಗಕ್ಕೆ ಸೂಟಿ. ಅವತ್ತು ನೇಯುವ ಹಾಗಿಲ್ಲ. ಹಾಗಾಗಿ ಯಂತ್ರ ನಡೆಯುವುದು ಅಮಾವಾಸ್ಯೆಗೆ ಮಾತ್ರ. ಬೆಳಗಾಗುತ್ತಲೇ ಕಾಕಾ ಸ್ನಾನ ಮುಗಿಸಿ, “ಟ್ರಂಕ್ ಹಚ್ಚತೀನಿ, ಯಾರೂ ಗದ್ದಲ ಮಾಡಬ್ಯಾಡ್ರಿ” ಎಂದು ಸಾರುತ್ತಿದ್ದರು. ಉತ್ತರಗಳ ಲೆಕ್ಕ ಸರಳ. ಒಂದು ಸಲ ‘ಟಕ್’ ಎಂದರೆ ಹೌದು. ಎರಡು ಸಲ ಎಂದರೆ ಅಲ್ಲ. ಉದ್ದನೆಯ ಮಾತುಗಳನ್ನು ಇದರಿಂದಲೇ ಬಿಡಿಸಿಕೊಳ್ಳುವ ವಿದ್ಯೆ ಕಾಕಾ ಒಬ್ಬರಿಗೇ ಗೊತ್ತಿತ್ತು.

“ಮೂರು ಸಲ ಅಂದ್ರ?” ಎಂದು ನಾನು ಕೇಳಿದೆ.

“ಉಣ್ಣಾಕ ಕುಂತಾರ ಅಂತ.”

ಹಳೆಯ ಕಟ್ಟಿಗೆಯ ಮಗ್ಗ ಬಿಸಿಲು ಏರಿದಂತೆ ಟಕ್ ಟಕ್ ಎನ್ನುವುದು ಸಹಜ ಎಂದು ನಾನು ಹೇಳಬಹುದಿತ್ತು. ಹೇಳಿದೆ ಕೂಡ. ಅದಕ್ಕೆ ಕಾಕಾ, “ಮಾತಾಡಾಕ ಅವರು ಮತ್ತೇನು ಬಡೀಬೇಕಪಾ, ತಬಲಾ?” ಅಂದರು.

ಸರಿ, ನಾನೂ ಬಿಡುವವನಲ್ಲ. ಒಂದು ವೈಜ್ಞಾನಿಕ ಪರೀಕ್ಷೆ ಇಟ್ಟೆ. ಅಟ್ಟದ ಮೇಲೆ ಮುತ್ತ್ಯಾನ ಕಾಲದ ಒಂದು ಕಟ್ಟಿಗೆ ಪೆಟ್ಟಿಗೆ ಇತ್ತು. ಅದರ ಕೀಲಿ ಎಲ್ಲಿದೆ ಎಂದು ಯಾರಿಗೂ ಗೊತ್ತಿರಲಿಲ್ಲ. “ಮುತ್ತ್ಯಾನ ಕೇಳ್ರಿ. ಕೀಲಿ ಸಿಕ್ಕರ ನಾ ನಂಬತೀನಿ,” ಅಂದೆ. ಕಾಕಾ ಕೇಳಿದರು, ಓಡಿದರು, ಇಳಿದರು, ಆಲಿಸಿದರು. ಆಮೇಲೆ ನನ್ನ ಕಡೆ ಗೆದ್ದವರ ಹಾಗೆ ನೋಡಿದರು.

“ಗೊತ್ತಿಲ್ಲ ಅಂದ.”

“ಮತ್ತ? ಪರೀಕ್ಷಾ ಫೇಲ್ ಆತಲ್ಲರೀ!”

“ಫೇಲ್ ಯಾಕ? ಇದ್ದಾಗೂ ಅವನಿಗೆ ಯಾವ ಸಾಮಾನು ಎಲ್ಲೈತಿ ಅಂತ ಒಂದ ದಿನ ಗೊತ್ತಿರಲಿಲ್ಲ. ಎಲ್ಲಾ ನಮ್ಮವ್ವನ ಕೇಳತಿದ್ದ. ಕೀಲಿ ಇಲ್ಲೈತಿ ಅಂತ ಹೇಳಿದ್ರ ಬ್ಯಾರೆ ಯಾರೋ ಮಾತಾಡ್ಯಾರ ಅಂತಿದ್ದೆ. ಗೊತ್ತಿಲ್ಲ ಅಂದ ಅಂದ್ರ ಅವನ, ಖಾತ್ರಿ!”

ಪರೀಕ್ಷೆ ಇಟ್ಟವನು ನಾನು, ಪಾಸಾದವರು ಕಾಕಾ.

ಸುದ್ದಿ ಓಣಿ ದಾಟಿ ಹಳ್ಳಿಗೂ ಹಬ್ಬಿತು. ಒಂದು ಅಮಾವಾಸ್ಯೆ ಹೊಂಬಳದಿಂದ ಒಬ್ಬ ಹೆಣ್ಣುಮಗಳು ಕಂಕುಳಲ್ಲಿ ನಾಲ್ಕು ವರ್ಷದ ಮಗನನ್ನು ಎತ್ತಿಕೊಂಡು ಬಂದಳು. ಆಕೆಗೆ ಸತ್ತವರ ಹಂಗೇ ಇರಲಿಲ್ಲ. ಮುಂದೆ ಬರಲಿರುವ ಸೊಸೆಯ ಜೊತೆ ಮಾತಾಡಬೇಕಿತ್ತು! “ಮುಂದಿನ ಹಾಸೂ ಇದಕ್ಕ ಕೂಡೂದಲ್ಲ?” ಎಂದು ಕಾಕಾ ಡಬ್ಬಿಯನ್ನು ಆಕೆಯ ಕೈಗೆ ಕೊಟ್ಟರು. ಆಕೆ ಶುರು ಮಾಡಿದಳು. ರೊಟ್ಟಿ ಹೆಂಗ ಬಡೀಬೇಕು, ಹೆಸರುಕಾಳಿನ ಪಲ್ಯಕ್ಕೆ ಬಳ್ಳೊಳ್ಳಿ ಎಷ್ಟು ಹಾಕಬೇಕು, ತವರಿಗೆ ವರ್ಷಕ್ಕೆ ಎಷ್ಟು ಸಲ ಹೋಗಬೇಕು, ಮಗನಿಗೆ ಹುಳಿ ಆಗುವುದಿಲ್ಲ, ಕರಿಂಡಿ ಚಟ್ನಿಗೆ ಅಗಸಿ ಹುರಿಯುವಾಗ ಮಾತಾಡಬಾರದು. ಅರ್ಧ ತಾಸು ಆಯಿತು. ಆಮೇಲೆ ಕಾಕಾ ಓಡಿಹೋಗಿ ಆಲಿಸಿದರು.

“ಏನಂದ್ಲುರೀ ನನ್ನ ಸೊಸಿ?”

ಕಾಕಾ ಸುಳ್ಳು ಹೇಳುವವರಲ್ಲ. “ಮೂರು ಸಲ ಟಕ್ ಅಂತು ನೋಡವಾ. ಉಣ್ಣಾಕ ಕುಂತಾಳ.”

“ನೋಡ್ರಿ! ನೋಡ್ರಿ ಅಕಿನ!” ಎಂದು ಆಕೆ ಹಣೆ ಬಡಿದುಕೊಂಡಳು. “ನಾ ಇಲ್ಲಿ ಗಂಟಲ ಹರಕೊಳ್ಳಾಕತ್ತೀನಿ, ಅಕಿ ಅಲ್ಲಿ ಉಣ್ಣಾಕ ಕುಂತಾಳ! ಅತ್ತಿ ಉಂಡಾಳೋ ಇಲ್ಲೋ ಅಂತ ಒಂದ ಮಾತು ಕೇಳಲಿಲ್ಲ!”

ಇನ್ನೂ ಹುಟ್ಟಿರದ ಸೊಸೆಯ ಮೇಲೆ ಸಿಟ್ಟು ಮಾಡಿಕೊಂಡು ಆಕೆ ಹೊಂಬಳದ ಬಸ್ಸು ಹತ್ತಿದಳು. ಇಷ್ಟೆಲ್ಲ ನಡೆಯುವಾಗ ನಾನು ಗೋಡೆಗೆ ಮುಖ ಮಾಡಿ ನಿಂತು ಬಾಯೊಳಗೆ ಟವೆಲ್ ತುರುಕಿಕೊಂಡಿದ್ದೆ. ಮರುದಿನ ಶಿರಹಟ್ಟಿಯ ಶಾಲೆಯಲ್ಲಿ, ಮಾಸ್ತರರ ಕೋಣೆಯಲ್ಲಿ, ಅದನ್ನು ಅಭಿನಯಿಸಿ ತೋರಿಸಿದೆ. ಕಾಕಾ ಓಡುವುದು, ಕುಣಿಗೆ ಇಳಿಯುವುದು, ಕಿವಿಗೆ ನಳಿಗೆ ಸಿಕ್ಕಿಸಿಕೊಳ್ಳುವುದು! ಹೆಡ್ ಮಾಸ್ತರರು ನಕ್ಕು ನಕ್ಕು ಚಹಾ ತರಿಸಿದರು. ಪ್ರತಿ ಅಮಾವಾಸ್ಯೆಯ ಮರುದಿನ ನನಗೆ ಚಹಾ ಖಾಯಂ ಆಯಿತು. ಸ್ವಂತ ಕಾಕಾನನ್ನು ಬಿಟ್ಟಿ ಚಹಾಕ್ಕೆ ನಗೆಪಾಟಲು ಮಾಡಿದವನು ಎಂಥವನು ಎಂದು ನೀವೇ ನಿರ್ಧರಿಸಿ. ಮುತ್ತ್ಯಾನಿಗೆ ಮೊದಲೇ ತಿಳಿಸಿದ್ದೂ ಆಗಿತ್ತಲ್ಲ.

ಲಕ್ಷ್ಮೇಶ್ವರದಿಂದ ಒಬ್ಬ ಬಳೆಗಾರ ಚಾಚಾ ಬರುತ್ತಿದ್ದರು. ಕಾಕಾನ ಬಾಲ್ಯದ ಗೆಳೆಯರು. ಅವರು ಯಂತ್ರದಲ್ಲಿ ಒಮ್ಮೆಯೂ ಮಾತಾಡಿದವರಲ್ಲ. “ನಮ್ಮಪ್ಪ ಇದ್ದಾಗ ನನಗ ಮಾತಾಡಾಕ ಬಿಡಲಿಲ್ಲ, ಈಗ ಬಿಡತಾನೇನು?” ಎಂದು ನಗುತ್ತಿದ್ದರು. ಒಂದು ದಿನ ನಾನು ಅವರ ಮುಂದೆಯೂ ನನ್ನ ಅಭಿನಯ ಶುರು ಮಾಡಿದೆ. ಚಾಚಾ ನಗಲಿಲ್ಲ. ಬಳೆಯ ಗಂಟು ಬಿಗಿಯುತ್ತ ಅಂದರು:

“ಮಾಸ್ತರ, ನೀವು ತಡವಾಗಿ ಎದ್ದು ಬರತೀರಿ. ಮುಂಜಾನಿ ಮೊದಲನೇ ಟ್ರಂಕ್ ನೋಡೀರೇನು? ಊರ ಮಂದಿಗೆಲ್ಲ ಹಚ್ಚಿಕೊಡೂದು ಆಮ್ಯಾಲಿಂದು. ಮೊದಲನೇದು ನಿಮ್ಮ ಅಪ್ಪಗ. ಎಲ್ಲಾರೂ ಎತ್ತತಾರ. ಅವರೊಬ್ಬರ ಎತ್ತೂದಿಲ್ಲ.”

ಅಪ್ಪ ಯಾಕೆ ಎತ್ತುವುದಿಲ್ಲ ಎಂಬುದು ನನಗೆ ಗೊತ್ತಿರಲಿಲ್ಲವೇ? ಗೊತ್ತಿತ್ತು. ಮರೆಯುವುದು ಅನುಕೂಲವಾಗಿತ್ತು, ಅಷ್ಟೆ. ನಾನು ಕಾಲೇಜಿನಲ್ಲಿದ್ದಾಗ ಅಪ್ಪ ಮುಂಡರಗಿಯ ಮನೆಯೊಂದಕ್ಕೆ ಮದುವೆ ಸೀರೆ ನೇಯುತ್ತಿದ್ದರು. ಅರ್ಧ ಆಗಿತ್ತು. ಅಪ್ಪ ಸಂತೆಗೆ ಹೋದಾಗ, ಅಣ್ಣನಿಗೆ ಸ್ವಲ್ಪ ಕೆಲಸ ಹಗುರಾಗಲಿ ಎಂದು ಕಾಕಾ ಅವರ ಮಗ್ಗದ ಮೇಲೆ ಕೂತು ಒಂದು ಗೇಣು ನೇಯ್ದುಬಿಟ್ಟರು. ನೇಕಾರರಲ್ಲಿ ಇದು ಮಾಡಬಾರದ ಕೆಲಸ. ಒಬ್ಬೊಬ್ಬರ ಕೈಯ ಪೆಟ್ಟು ಒಂದೊಂದು. ನಡುವೆ ಕೈ ಬದಲಾದರೆ ಸೀರೆಯ ಮೈಯಲ್ಲಿ ಪಟ್ಟೆ ಎದ್ದು ಕಾಣುತ್ತದೆ. ಕಂಡಿತು. ಅಪ್ಪ ಬೈಯಲಿಲ್ಲ. ಎರಡು ದಿನ ಕೂತು ಆ ಗೇಣನ್ನು ಒಂದೊಂದೇ ಎಳೆ ಬಿಚ್ಚಿದರು. ತಮ್ಮನ ಜೊತೆ ಮಾತು ಬಿಟ್ಟರು. ಅಪ್ಪನ ಸ್ವಭಾವವೇ ಹಾಗೆ. ಸಿಟ್ಟು ಸಣ್ಣದಿದ್ದರೆ ಬೈಯುತ್ತಿದ್ದರು, ದೊಡ್ಡದಿದ್ದರೆ ಬಾಯಿ ಮುಚ್ಚುತ್ತಿದ್ದರು. ಮೂರು ತಿಂಗಳು ಇಬ್ಬರೂ ಒಂದೇ ಕೋಣೆಯಲ್ಲಿ ಬೆನ್ನು ತಿರುಗಿಸಿ ಕೂತು ನೇಯ್ದರು. ಇವತ್ತು ತಪ್ಪಾಯಿತು ಎನ್ನಬೇಕು, ನಾಳೆ ಎನ್ನಬೇಕು ಎಂದು ಕಾಕಾ ಹಿಂಜರಿಯುತ್ತಿರುವಾಗಲೇ ಅಪ್ಪ ಸಿಂಗಟಾಲೂರಿಗೆ ಬೀಗರ ಮನೆಗೆ ಹೋದರು. ಹೊಳೆಯ ದಂಡೆಯಲ್ಲಿ ಕೂತವರು ಕೂತಲ್ಲೇ ಹೋಗಿಬಿಟ್ಟರು.

ಚಾಚಾ ಹೇಳಿದ ಮುಂದಿನ ಅಮಾವಾಸ್ಯೆ ನಾನು ಬೇಗ ಎದ್ದೆ. ಕಾಕಾ ಡಬ್ಬಿಯ ಮುಂದೆ ಟೊಪ್ಪಿಗೆ ತೆಗೆದು ನಿಂತಿದ್ದರು. “ಅಣ್ಣಾ, ನಾನು. ತಪ್ಪಾತು. ಒಂದ ಮಾತು ಅನ್ನು. ಏನರೆ ಅನ್ನು.” ಓಡಲಿಲ್ಲ, ನಡೆದುಕೊಂಡು ಹೋದರು. ಕುಣಿಗೆ ಇಳಿದು ಬಹಳ ಹೊತ್ತು ಕೂತರು. ಎಲ್ಲರಿಗೂ ಟಕ್ ಎನ್ನುವ ಮಗ್ಗ ಅವತ್ತು ತುಟಿಪಿಟಕ್ ಎನ್ನಲಿಲ್ಲ. ಬೆಳಗಿನ ತಂಪಿನಲ್ಲಿ ಕಟ್ಟಿಗೆ ಸಪ್ಪಳ ಮಾಡುವುದಿಲ್ಲ ಎಂಬ ವಿಜ್ಞಾನ ನನ್ನ ಬಾಯಿಯ ತನಕ ಬಂದಿತ್ತು. ನುಂಗಿಕೊಂಡೆ. ಬದಲಿಗೆ ಇನ್ನೊಂದು ಶಾಣ್ಯಾತನ ಮಾಡಿದೆ.

“ಕಾಕಾ, ಅಪ್ಪ ತೀರಿಕೊಂಡಾರ. ಎತ್ತೂದು ಹೆಂಗ?”

“ತೀರಿಕೊಂಡದ್ದು ಆಮ್ಯಾಲಲ್ಲೋ? ನಾ ಹಚ್ಚೂದು ಅದರ ಹಿಂದಿನ ತಿಂಗಳಿಗೆ. ಆಗ ಇದ್ನಲ್ಲ?” ಅಂದರು ಕಾಕಾ. “ಇದ್ದೂ ಎತ್ತವಲ್ಲ. ಸಿಟ್ಟು ಇನ್ನ ಇಳಿದಿಲ್ಲ ಅವಂದು.”

ಇನ್ನು ನನ್ನ ಮರ್ಯಾದೆಯ ಕಥೆಗೆ ಬರುತ್ತೇನೆ. ಆ ವರ್ಷ ನನಗೆ ಹೆಣ್ಣು ನೋಡಲು ಮುಂಡರಗಿಗೆ ಹೋಗಿದ್ದೆವು. ಬಸ್ಸಿನ ಕಿಟಕಿಯಲ್ಲಿ ಕಪ್ಪತಗುಡ್ಡ ಕಾಣುವ ತನಕ ಕಾಕು ನನಗೆ ಒಂದೇ ಬುದ್ಧಿ ಹೇಳಿದಳು: “ಅಲ್ಲಿ ಹೋಗಿ ಮಾಸ್ತರಿಕಿ ಮಾಡಬ್ಯಾಡಪಾ.” ಹೂಂ ಅಂದೆ. ಉಪ್ಪಿಟ್ಟು ಬಂತು, ಶಿರಾ ಬಂತು, ಹುಡುಗಿ ಬಂದಳು. ಚೆಂದ ಇದ್ದಳು. ನನ್ನ ಕೈಯ ಚಮಚ ಬಿತ್ತು, ಬಾಯಿಗೆ ಬಂದದ್ದು ಆಡಿಬಿಟ್ಟೆ.

“ಬೆಳಕಿನ ವೇಗ ಎಷ್ಟು?”

ಹುಡುಗಿ ತಲೆಯೆತ್ತಿ ನನ್ನನ್ನು ನೋಡಿ, “ನೀವು ಹೇಳ್ರಿ, ಹತ್ತು ರೊಟ್ಟಿಗೆ ಹಿಟ್ಟು ಎಷ್ಟು ಬೇಕು?” ಅಂದಳು. ಅವರ ಕಡೆಯ ಮುದುಕಿಯರು ಸೆರಗು ಬಾಯಿಗೆ ಇಟ್ಟುಕೊಂಡು ನಕ್ಕರು. ವಾರದೊಳಗೆ ಉತ್ತರ ಬಂತು: ‘ಹುಡುಗ ಬಹಳ ಓದ್ಯಾನ. ನಮಗ ಅಷ್ಟು ಓದಿದಾವ ಬ್ಯಾಡ.’ ಮುಂದೆ ಬೇರೆ ಕಡೆ ನನ್ನ ಮದುವೆ ಆಯಿತು ಅನ್ನಿ. ಅಲ್ಲಿ ಹೆಣ್ಣು ನೋಡಲು ಹೋದಾಗ ಮೊದಲಿನಿಂದ ಕೊನೆಯ ತನಕ ನಾನು ಬಾಯಿಯನ್ನೇ ತೆರೆಯಲಿಲ್ಲ. ಹುಡುಗ ಮೂಕನಲ್ಲ ತಾನೇ ಎಂದು ಕೇಳಿ ಖಾತ್ರಿ ಮಾಡಿಕೊಂಡು ಹೆಣ್ಣು ಕೊಟ್ಟರು!

ಆದರೆ ಮುಂಡರಗಿಯ ಉತ್ತರ ಬಂದ ದಿನ ನನಗೆ ಅದೆಲ್ಲ ಗೊತ್ತಿರಲಿಲ್ಲ. ಮುಖ ತೋರಿಸಲಾರದಷ್ಟು ನಾಚಿಕೆಯಾಗಿತ್ತು. ಅದಾಗಿ ಎರಡು ದಿನಕ್ಕೆ ಅಮಾವಾಸ್ಯೆ. ಮಧ್ಯಾಹ್ನ ಕಾಕಾ ಚಾಚಾನ ಜೊತೆ ಗದಗಿಗೆ ಹೋದರೆಂದು ಯಾರೋ ಅಂದರು. ನಾನು ಹಿತ್ತಿಲಿನಲ್ಲಿ ನಿಂತಿದ್ದೆ. ಬಾಗಿಲು ತೆರೆದಿತ್ತು. ಒಳಗೆ ಡಬ್ಬಿ ಕಾಣುತ್ತಿತ್ತು.

ನಿಮ್ಮ ಮುಂದೆ ಏನು ಮುಚ್ಚುಮರೆ? ಆಚೆ ಈಚೆ ನೋಡಿದೆ. ಒಳಗೆ ಹೋದೆ. ವಿಜ್ಞಾನದ ಮಾಸ್ತರ, ಕಾಕಾನನ್ನು ಅಭಿನಯಿಸಿ ಚಹಾ ಕುಡಿದವನು, ಆ ಡಬ್ಬಿಯನ್ನು ಎರಡೂ ಕೈಯಲ್ಲಿ ಹಿಡಿದುಕೊಂಡೆ! ಹೋದ ವಾರ ಮುಂಡರಗಿಯಲ್ಲಿ ಉಪ್ಪಿಟ್ಟಿನ ಮುಂದೆ ಕೂತಿದ್ದ ನನಗೇ ನಾನು ಟ್ರಂಕ್ ಹಚ್ಚಿದೆ. ಶಾಲೆಯಲ್ಲಿ ಹಿಂದಿನ ಬೆಂಚಿಗೆ ಬೈಯುವ ದನಿ ತಾನಾಗಿಯೇ ಬಂತು.

“ಲೇ ಹುಚ್ಚಪ್ಯಾಲಿ! ಕೇಳಸಾಕತ್ತೈತೇನು? ನಿನಗ ಬುದ್ಧಿ ಯಾವಾಗ ಬರತೈತೋ? ಯಾರ ಹೇಳಿದ್ರು ನಿನಗ ಅಲ್ಲಿ ಹೋಗಿ ಕುಂತು ಶಾಣ್ಯಾತನ ಮಾಡಂತ? ಎಲ್ಲಾ ಹಾಳ ಮಾಡಿದಿ!”

“ಅಣ್ಣಾ!”

ಕೋಣೆಯ ಆ ತುದಿಯಿಂದ, ನೆಲದೊಳಗಿನಿಂದ, ಒಂದು ಕೂಗು ಎದ್ದಿತು. ಕಾಕಾ ಗದಗಿಗೆ ಹೋಗಿರಲಿಲ್ಲ. ಕುಣಿಯೊಳಗೆ ಬಗ್ಗಿ ಕೂತು, ನೇಯುವಾಗ ತುಳಿಯುವ ಕಾಲುಮಣೆಯ ಹಗ್ಗ ಬಿಗಿಯುತ್ತಿದ್ದರು. ಕಿವಿಯಲ್ಲಿ ನಳಿಗೆ ಇದ್ದೇ ಇತ್ತು. ಬಿಗಿದ ದಾರದ ಮೇಲೆ ದನಿ ಹರಿಯುತ್ತದೆ ಎಂಬುದು ಎಂಟನೆಯ ಇಯತ್ತೆಯ ಪಾಠ. ಪ್ರತಿ ವರ್ಷ ನಾನೇ ಎರಡು ಕಡ್ಡಿಪೆಟ್ಟಿಗೆ ಕಟ್ಟಿ ಕಲಿಸುತ್ತಿದ್ದೆ. ಆ ಹೊತ್ತಿಗೆ ನೆನಪಾಗಬೇಕಲ್ಲ!

ನಾನು ಬೆಚ್ಚಿ ಕೈ ಎಳೆದುಕೊಂಡೆ. ಕೈಗಡಿಯಾರ ಹಾಸಿನ ನೂಲಿಗೆ ಸಿಕ್ಕಿತು. ಹಿಡಿಯಷ್ಟು ಎಳೆ ಪಟಪಟನೆ ಹರಿದವು. ಹಾಸಿನ ಕೆಳಗೆ ಹಾಗೇ ಕುಕ್ಕರಿಸಿದೆ. ಅತ್ತ ಕಾಕಾ ಜಿಗಿದೆದ್ದವರು ಮಗ್ಗದ ತೊಲೆಗೆ ಹಣೆ ಹೊಡೆಸಿಕೊಂಡರು. ಅದರ ಪರಿವೆಯೇ ಇಲ್ಲ.

“ಏ, ಬಾ ಇಲ್ಲಿ! ಅಣ್ಣ ಎತ್ತಿದ! ಅಣ್ಣ ಬೈದ! ನನಗ ಬೈದ!”

ಕಾಕು ಹಿಟ್ಟಿನ ಕೈಯಲ್ಲೇ ಓಡಿ ಬಂದಳು. ಬಾಗಿಲಲ್ಲಿ ನಿಂತವಳಿಗೆ ಹಾಸಿನ ಕೆಳಗಿನ ನನ್ನ ಕಾಲು ಕಂಡವು. ನೋಡಿದಳು. ಕಾಕಾನ ಮುಖ ನೋಡಿದಳು. “ಹೌದ್ರಿ? ಬೈದರೇನು? ಛಲೋ ಆತು ಬಿಡ್ರಿ,” ಅಂದಳು. ಬೆನ್ನ ಹಿಂದೆ ಕೈ ಆಡಿಸಿ ನನಗೆ ಹೊರಗೆ ಹೋಗೆಂದು ಸನ್ನೆ ಮಾಡಿದಳು. ತೆವಳಿಕೊಂಡು ಹೋದೆ. ಓಣಿ ಸುತ್ತಿ ಮುಂಬಾಗಿಲಿನಿಂದ ಬಂದೆ.

ಕಾಕಾನ ಹಣೆಯ ಮೇಲೆ ನಿಂಬೆಹಣ್ಣಿನಷ್ಟು ಬುಗುಟಿ ಎದ್ದಿತ್ತು. ಕಣ್ಣು ಒದ್ದೆಯಾಗಿತ್ತು. ಇಷ್ಟು ಸಂತೋಷದ ಮುಖ ನಾನು ಮೊದಲು ನೋಡಿರಲಿಲ್ಲ. ಒಂದೊಂದೇ ಮಾತು ನನಗೆ ಒಪ್ಪಿಸಿದರು.

“ಯಾರ ಹೇಳಿದ್ರು ನಿನಗ ಅಲ್ಲಿ ಹೋಗಿ ಕುಂತು ಶಾಣ್ಯಾತನ ಮಾಡಂತ, ಅಂದ! ಖರೆ ಐತಲ್ಲೋ! ಅವನ ಮಗ್ಗದ ಮ್ಯಾಲೆ ಹೋಗಿ ಕುಂತಾವ ನಾನಲ್ಲೇನು? ಬೈದ ಅಂದ್ರ ಸಿಟ್ಟು ಇಳದೈತಿ. ದೊಡ್ಡ ಸಿಟ್ಟಿದ್ರ ಅವ ಬೈತಿದ್ದಿಲ್ಲ.” ಆಮೇಲೆ ಹರಿದ ಎಳೆಗಳನ್ನು ತೋರಿಸಿ ಹೆಮ್ಮೆಯಿಂದ ಅಂದರು: “ಎಷ್ಟ ಜೋರ ಬೈದಾನ ನೋಡು! ಎಳಿ ಹರದಾವು!”

ನನಗೆ ನಗು ಬರಬೇಕಿತ್ತು. ಬರಲಿಲ್ಲ.

“ಬಾ, ಕೂಡಸೋಣು. ಇದಕ್ಕ ಇಬ್ಬರು ಬೇಕು,” ಎಂದು ಬೂದಿಯ ಬಟ್ಟಲು ತಂದಿಟ್ಟರು. ಎದುರುಬದುರು ಕೂತೆವು. ಆ ಜಾಗದಲ್ಲಿ, ಅವರ ಎದುರಿಗೆ, ಒಂದು ಕಾಲಕ್ಕೆ ಅಪ್ಪ ಕೂಡುತ್ತಿದ್ದರು. ಕಾಕಾ ಹತ್ತು ಎಳೆ ಕೂಡಿಸುವುದರಲ್ಲಿ ನಾನು ಒಂದು ಕೂಡಿಸಿದೆ, ಅದೂ ಬಿಚ್ಚಿಕೊಂಡಿತು. ಕಾಕಾ ಗುನುಗುತ್ತಿದ್ದರು. ಇಪ್ಪತ್ತನೆಯ ಎಳೆಗೋ ಏನೋ ನನಗೆ ತಡೆಯಲಾಗಲಿಲ್ಲ. ನನ್ನ ಸತ್ಯಸಂಧತೆಗೆ ಬೆಂಕಿ ಬೀಳಲಿ! ಸುಮ್ಮನಿದ್ದಿದ್ದರೆ ಏನಾಗುತ್ತಿತ್ತು?

“ಕಾಕಾ, ಅದು ನಾನರೀ. ಡಬ್ಬ್ಯಾಗ ಮಾತಾಡಿದ್ದು ನಾನು.”

ಕಾಕಾನ ಬೆರಳು ನಿಂತವು. ಅಡುಗೆಮನೆಯಲ್ಲಿ ರೊಟ್ಟಿ ಬಡಿಯುವ ಸಪ್ಪಳವೂ ನಿಂತಿತು.

“ಯಾರಿಗೆ ಬೈದಿ?”

“ನನಗ ನಾನ ಬೈಕೊಂಡೆರೀ.” ಮುಂಡರಗಿಯದನ್ನೆಲ್ಲ ಹೇಳಿದೆ. ಇಷ್ಟು ದಿನ ಅವರನ್ನು ನೋಡಿ ನಕ್ಕದ್ದನ್ನೂ ಹೇಳಿದೆ, ಚಹಾ ಕುಡಿದದ್ದನ್ನೂ ಹೇಳಿದೆ.

ಅವರು ಬೈಯಲಿಲ್ಲ. ಬೈದಿದ್ದರೆ ಎಷ್ಟೋ ಚೆನ್ನಾಗಿತ್ತು. ಕೈಯಲ್ಲಿದ್ದ ಎಳೆಯನ್ನು ಮೆಲ್ಲಗೆ ಕೆಳಗಿಟ್ಟರು.

“ಹಂಗಾರ ಅವ ಎತ್ತಲಿಲ್ಲ,” ಅಂದರು.

ನಾನು ಬಿಚ್ಚಿಕೊಂಡ ಎಳೆಯನ್ನೇ ಮತ್ತೆ ಹೊಸೆಯತೊಡಗಿದೆ.

ಕಾಕಾ ನನ್ನ ಮುಖ ನೋಡಿ ಅಂದರು, “ದನಿ ಅವಂದ ಇತ್ತಲ್ಲೋ.”

“ಅವ್ವನೂ ಹಂಗ ಅಂತಾಳ್ರಿ.”

“ಮತ್ತ ಅವನ ಬಾಯಿ ಇನ್ನ ಎಲ್ಲೈತಿ? ನಿನ್ನ ಕಡೆ ಐತಿ.” ಕಾಕಾ ತಲೆಯ ಮೇಲಿನ ಟೊಪ್ಪಿಗೆ ತೆಗೆದು ತೊಡೆಯ ಮೇಲಿಟ್ಟುಕೊಂಡರು. “ನೀನ ಅನ್ನು.”

“ಏನಂತ ಅನ್ನಲಿರೀ?”

“ನನಗ ಗೊತ್ತಿದ್ರ ಇಷ್ಟ ವರ್ಷ ಯಾಕ ಕೇಳತಿದ್ದೆ?”

ಹುಟ್ಟಿದಾಗಿನಿಂದ ಕಾಕಾನ ಜೊತೆ ಏಕವಚನದಲ್ಲಿ ಒಂದು ಮಾತೂ ಆಡಿದವನಲ್ಲ ನಾನು. ಅಪ್ಪ ಅವರನ್ನು ಹೇಗೆ ಕರೆಯುತ್ತಿದ್ದರು ಎಂದು ನೆನಪು ಮಾಡಿಕೊಂಡೆ. ಕೈ ಚಾಚಿ ಅವರ ಬೂದಿ ಮೆತ್ತಿದ ಬೆರಳು ಹಿಡಿದೆ.

“ಹೋಗಲಿ ಬಿಡೋ ತಮ್ಮಾ,” ಅಂದೆ. “ಒಂದ ಗೇಣ ಸೀರಿಗೆ ಎಷ್ಟ ವರ್ಷ ಅಳತೀಯೋ?”

ಕಾಕಾ ತಲೆಯೆತ್ತಲಿಲ್ಲ. ಹೆಗಲು ಮಾತ್ರ ಅಲುಗಾಡಿದವು. ಆಮೇಲೆ ಸಣ್ಣ ಹುಡುಗರಂತೆ ಮೂಗು ಒರೆಸಿಕೊಂಡು, “ಆತೋ ಅಣ್ಣಾ” ಅಂದರು. ನನಗಂದರು.